ಮಾತ್ರೆ ನುಂಗಿದರೆ ಜೀನ್ ಆನ್ ಆಗುತ್ತಾ?

ಪ್ರಶ್ನೆ: ನಾನು ನಿವೃತ್ತ ಹೈಸ್ಕೂಲು ಗಣಿತ ಮೇಷ್ಟ್ರು. ಮಗಳು ಬಯೋಟೆಕ್ನಾಲಜಿಯಲ್ಲಿ ಎಂ.ಎಸ್ಸಿ. ಓದುತ್ತಿದ್ದಾಳೆ. ಪ್ರಾಜೆಕ್ಟಿಗೆ ‘ಆರ್‌ಎನ್‌ಎ ಸ್ವಿಚ್’ ತೆಗೆದುಕೊಂಡಿದ್ದಾಳೆ. ಮಾತ್ರೆ ನುಂಗಿದರೆ ಜೀನ್ ಆನ್, ನಿಲ್ಲಿಸಿದರೆ ಆಫ್ ಅನ್ನುತ್ತಾಳೆ. ನಾನು ಉಬ್ಬಸಕ್ಕೆ ವರ್ಷಗಟ್ಟಲೆ ಡೆರಿಫಿಲಿನ್ ನುಂಗಿದವನು. ಅದರೊಳಗಿನ ಔಷಧವೇ ಆ ಸ್ವಿಚ್ಚನ್ನು ಒತ್ತುತ್ತದಂತೆ! ನಿಜವೇ? ನಿಜವಾದರೆ ಆಸ್ಪತ್ರೆಗಳಲ್ಲಿ ಇನ್ನೂ ಯಾಕೆ ಬಂದಿಲ್ಲ? ಲೆಕ್ಕ ಬಂದರೆ ಬಿಡಬೇಡಿ, ಹಾಕಿಯೇ ತೋರಿಸಿ.

ಉತ್ತರ: ಮೇಷ್ಟ್ರೇ, ಮಗಳು ಹೇಳಿದ್ದು ನಿಜ. ಪ್ರಯೋಗಾಲಯದ ತಟ್ಟೆಯಲ್ಲಿ ಪೂರ್ತಿ ನಿಜ, ಇಲಿಯಲ್ಲಿ ಸುಮಾರಾಗಿ ನಿಜ, ಮನುಷ್ಯರ ಚಿಕಿತ್ಸೆಯಲ್ಲಿ ಇನ್ನೂ ಇಲ್ಲ. ಸ್ವಿಚ್ ಮಾಡುವುದು ಹೇಗೆ ಅಂತ ಗೊತ್ತಾಗಿದೆ. ಅದನ್ನು ಒತ್ತುವುದಕ್ಕೆ ಸರಿಯಾದ ಬೆರಳು ಸಿಗುತ್ತಿಲ್ಲ. ನಿಮ್ಮ ಡೆರಿಫಿಲಿನ್ ಯಾಕೆ ಆ ಬೆರಳಾಗಲಾರದು ಅನ್ನುವುದನ್ನು ಲೆಕ್ಕ ಹಾಕಿಯೇ ತೋರಿಸುತ್ತೇನೆ. ಅದಕ್ಕೆ ಮೊದಲು ಸ್ವಿಚ್ ಅಂದರೇನು ಅಂತ ನೋಡೋಣ.

ತೋಟದ ಪಂಪ್‌ಸೆಟ್ ನೆನೆಸಿಕೊಳ್ಳಿ. ನೀರು ನಿಲ್ಲಿಸಲು ಎರಡು ದಾರಿ. ಸ್ಟಾರ್ಟರ್ ಹತ್ತಿರ ಹೋಗಿ ಮೋಟರನ್ನೇ ಆಫ್ ಮಾಡಬಹುದು. ಇಲ್ಲವೇ ಮೋಟರ್ ಓಡುತ್ತಿರಲಿ ಅಂತ ಬಿಟ್ಟು, ಪೈಪಿನ ಗೇಟ್‌ವಾಲ್ವ್ ತಿರುಗಿಸಬಹುದು. ಜೀನ್ ಅನ್ನುವುದು ಡಿಎನ್‌ಎಯಲ್ಲಿ ಬರೆದಿಟ್ಟ ಸೂಚನೆ. ಅದರ ನಕಲು ಎಂಆರ್‌ಎನ್‌ಎ. ರೈಬೋಸೋಮ್ ಆ ನಕಲನ್ನು ಓದಿ ಪ್ರೋಟೀನ್ ಕಟ್ಟುತ್ತದೆ. ನಕಲು ಮಾಡುವುದನ್ನೇ ತಡೆಯುವುದು ಸ್ಟಾರ್ಟರ್ ಕೆಲಸ. ನಕಲು ಆದ ಮೇಲೆ ಅದನ್ನು ಓದಲು ಬಿಡದಿರುವುದು ವಾಲ್ವಿನ ಕೆಲಸ. ಆರ್‌ಎನ್‌ಎ ಸ್ವಿಚ್ ಅಂದರೆ ಈ ವಾಲ್ವ್. ಅದು ಬೇರೆ ಭಾಗವೇನಲ್ಲ, ಪೈಪಿನದೇ ಒಂದು ತುಂಡು ತಾನೇ ಮಡಚಿಕೊಂಡು ವಾಲ್ವ್ ಆಗಿರುತ್ತದೆ.

ಒಂದು ಕಾಗದದ ಪಟ್ಟಿ ತೆಗೆದುಕೊಳ್ಳಿ. ಒಂದು ತುದಿಯ ಹತ್ತಿರ ಸಿ-ಸಿ-ಯು-ಸಿ-ಸಿ-ಯು ಅಂತ ಬರೆಯಿರಿ. ನಾಲ್ಕು ಬೆರಳು ಜಾಗ ಬಿಟ್ಟು ಎ-ಜಿ-ಜಿ-ಎ-ಜಿ-ಜಿ ಅಂತ ಬರೆಯಿರಿ. ಆರ್‌ಎನ್‌ಎಯಲ್ಲಿ ಎಗೆ ಯು ಜೋಡಿ, ಜಿಗೆ ಸಿ ಜೋಡಿ. ಈಗ ಪಟ್ಟಿಯನ್ನು ನಡುವೆ ಬಗ್ಗಿಸಿ ಎರಡು ಬರಹವನ್ನೂ ಎದುರುಬದುರು ತನ್ನಿ. ಮೊದಲಿನ ಸಿ ಕೊನೆಯ ಜಿಗೆ, ಕೊನೆಯ ಯು ಮೊದಲಿನ ಎಗೆ, ಆರೂ ಜೋಡಿ ಕೂಡಿಕೊಂಡವು ಅಲ್ವಾ? ನಡುವಿನ ಜಾಗ ಹಗ್ಗದ ಕುಣಿಕೆಯ ಹಾಗೆ ನಿಂತಿತು. ಬ್ಯಾಕ್ಟೀರಿಯಾದಲ್ಲಿ ರೈಬೋಸೋಮ್ ಬಂದು ಕೂರುವ ಜಾಗವೇ ಆ ಎ-ಜಿ-ಜಿ-ಎ-ಜಿ-ಜಿ. ಅದು ಕುಣಿಕೆಯ ಕಾಲಿನಲ್ಲಿ ಸಿಕ್ಕಿಕೊಂಡಿದ್ದರೆ ರೈಬೋಸೋಮಿಗೆ ಕೂರಲು ಜಾಗವಿಲ್ಲ. ಚಿಲಕ ಬಿದ್ದ ಬಾಗಿಲು. ಪ್ರೋಟೀನ್ ಇಲ್ಲ.

ಈಗ ಆ ಸಿ-ಸಿ-ಯು ತುಂಡನ್ನು ಬೇರೆ ಏನಾದರೂ ಹಿಡಿದುಕೊಂಡರೆ? ಚಿಲಕ ಕಳಚುತ್ತದೆ. ಹಾಗೆ ಹಿಡಿಯುವಂತೆ ಆರ್‌ಎನ್‌ಎಯ ಪಕ್ಕದ ತುಂಡನ್ನು ಇನ್ನೊಂದು ಮಡಿಕೆಗೆ ಬರುವ ಹಾಗೆ ಬರೆಯಬಹುದು. ಆ ಇನ್ನೊಂದು ಮಡಿಕೆ ಒಂದು ಔಷಧದ ಅಣು ಬಂದು ಕೂತಾಗ ಮಾತ್ರ ಗಟ್ಟಿಯಾಗುತ್ತದೆ. ಔಷಧ ಇದ್ದರೆ ಒಂದು ಮಡಿಕೆ, ಇಲ್ಲದಿದ್ದರೆ ಇನ್ನೊಂದು. ಸ್ವಿಚ್ ಅಂದರೆ ಇಷ್ಟೇ.

ಇದನ್ನು ಮನುಷ್ಯರು ಮೊದಲು ಕಂಡುಹಿಡಿದೆವು ಅಂತ ಬೀಗುವ ಹಾಗಿಲ್ಲ. ಬ್ಯಾಕ್ಟೀರಿಯಾಗಳು ಎಷ್ಟೋ ಕೋಟಿ ವರ್ಷಗಳಿಂದ ಇದನ್ನೇ ಮಾಡುತ್ತಿವೆ. 2002ರಲ್ಲಿ ಯೇಲ್ ವಿಶ್ವವಿದ್ಯಾಲಯದ ರೊನಾಲ್ಡ್ ಬ್ರೇಕರ್ ಅವರ ತಂಡವೂ, ಬೇರೆಯಾಗಿ ಎವ್ಗೆನಿ ನುಡ್ಲರ್ ಅವರ ತಂಡವೂ ಇದನ್ನು ತೋರಿಸಿದವು. ತೌಡಿನಲ್ಲಿ ಇರುತ್ತದಲ್ಲ, ಬಿ1 ಜೀವಸತ್ವ, ಅದನ್ನು ಬ್ಯಾಕ್ಟೀರಿಯಾ ತಾನೇ ತಯಾರಿಸುತ್ತದೆ. ಸಾಕಷ್ಟು ಆದ ಮೇಲೆ ಆ ಜೀವಸತ್ವವೇ ಹೋಗಿ ಎಂಆರ್‌ಎನ್‌ಎಯ ಮಡಿಕೆಯಲ್ಲಿ ಕೂತು ‘ಸಾಕು, ನಿಲ್ಲಿಸು’ ಅನ್ನುತ್ತದೆ. ನಡುವೆ ಯಾವ ಪ್ರೋಟೀನಿನ ದಲ್ಲಾಳಿತನವೂ ಇಲ್ಲ. ಇಂಥವಕ್ಕೆ ರೈಬೋಸ್ವಿಚ್ ಅಂತ ಹೆಸರು.

ಪ್ರಕೃತಿಯಲ್ಲಿ ಇದು ಸಿಗುವ ಮೊದಲೇ ಪ್ರಯೋಗಾಲಯದಲ್ಲಿ ಇದರ ಅರ್ಧ ಭಾಗ ತಯಾರಾಗಿತ್ತು ಅನ್ನುವುದು ನನಗೆ ಈಗಲೂ ತಮಾಷೆಯಾಗಿ ಕಾಣುತ್ತದೆ. ಔಷಧದ ಅಣುವನ್ನು ಹಿಡಿಯುವ ಆರ್‌ಎನ್‌ಎ ತುಂಡಿಗೆ ಆಪ್ಟಾಮರ್ ಅನ್ನುತ್ತಾರೆ. ಅದನ್ನು ಯಾರೂ ಕೂತು ಯೋಚಿಸಿ ಬರೆಯುವುದಿಲ್ಲ. 1990ರಲ್ಲಿ ಬಂದ ವಿಧಾನ ಹೀಗಿದೆ: ಕೋಟಿ ಕೋಟಿ ಬಗೆಯ ಆರ್‌ಎನ್‌ಎ ತುಂಡುಗಳನ್ನು ಮನಸ್ಸಿಗೆ ಬಂದ ಹಾಗೆ ತಯಾರಿಸಿ, ಔಷಧ ಅಂಟಿಸಿದ ಕೊಳವೆಯ ಮೂಲಕ ಹರಿಸುವುದು. ಅಂಟಿಕೊಂಡವನ್ನು ಇಟ್ಟುಕೊಂಡು, ನಕಲು ಮಾಡಿ ಹೆಚ್ಚಿಸಿ, ಮತ್ತೆ ಹರಿಸುವುದು. ಮೊರದಲ್ಲಿ ಕಾಳು ಕೇರಿದ ಹಾಗೆ.

ಇಲ್ಲಿ ನಿಮ್ಮ ಮಾತ್ರೆ ಬರುತ್ತದೆ. ಡೆರಿಫಿಲಿನ್‌ನಲ್ಲಿ ಇರುವ ಎರಡು ಔಷಧಗಳಲ್ಲಿ ಒಂದು ಥಿಯೋಫಿಲಿನ್. 1994ರಲ್ಲಿ ಅಮೆರಿಕದ ಕೊಲರಾಡೋದಲ್ಲಿ ಥಿಯೋಫಿಲಿನ್‌ಗೆ ಆಪ್ಟಾಮರ್ ಹುಡುಕಿದರು. ಒಂದು ತೊಡಕಿತ್ತು. ಥಿಯೋಫಿಲಿನ್ನೂ ಕಾಫಿಯ ಕೆಫೀನೂ ಅಣ್ಣತಮ್ಮಂದಿರು. ಕೆಫೀನಿನಲ್ಲಿ ಒಂದು ಕಡೆ ಒಂದು ಮೀಥೈಲ್ ಗುಂಪು ಜಾಸ್ತಿ ಇದೆ, ಅಷ್ಟೇ ವ್ಯತ್ಯಾಸ. ಹಾಗಾಗಿ ಅವರು ಥಿಯೋಫಿಲಿನ್ ಕೊಳವೆಗೆ ಅಂಟಿಕೊಂಡ ಆರ್‌ಎನ್‌ಎಗಳ ಮೇಲೆ ಕೆಫೀನ್ ದ್ರಾವಣ ಸುರಿದರು. ಕೆಫೀನಿಗೆ ಮರುಳಾಗಿ ಬಿಟ್ಟುಬಂದವನ್ನೆಲ್ಲ ಚೆಲ್ಲಿದರು. ಅದಕ್ಕೂ ಜಗ್ಗದೆ ಉಳಿದದ್ದು ಕೆಫೀನಿಗಿಂತ ಥಿಯೋಫಿಲಿನ್ನನ್ನು 10,000 ಪಟ್ಟು ಬಿಗಿಯಾಗಿ ಹಿಡಿಯುತ್ತಿತ್ತು. ಮೂವತ್ತು ಚಿಲ್ಲರೆ ಅಕ್ಷರಗಳ ಒಂದು ತುಂಡಿಗೆ ಇಷ್ಟು ಸೂಕ್ಷ್ಮ! ಇಷ್ಟು ಇಲ್ಲದಿದ್ದರೆ ಚಿಕ್ಕಮಗಳೂರಿನಲ್ಲಿ ಯಾರ ಸ್ವಿಚ್ಚೂ ಆಫ್ ಆಗುತ್ತಲೇ ಇರಲಿಲ್ಲ.

ಆಮೇಲೆ ಪ್ರಪಂಚದ ಅರ್ಧ ಆರ್‌ಎನ್‌ಎ ಲ್ಯಾಬುಗಳು ಈ ಒಂದೇ ಆಪ್ಟಾಮರನ್ನು ಹಿಡಿದುಕೊಂಡು ಕೂತವು. 2004ರಲ್ಲಿ ಇ. ಕೋಲೈ ಬ್ಯಾಕ್ಟೀರಿಯಾದಲ್ಲಿ ಇದರಿಂದ ಸ್ವಿಚ್ ಮಾಡಿದರು. 2010ರಲ್ಲಿ ಕ್ಯಾಲಿಫೋರ್ನಿಯಾದ ಕ್ರಿಸ್ಟಿನಾ ಸ್ಮೋಲ್ಕೆ ಅವರ ತಂಡ, ರೋಗದ ವಿರುದ್ಧ ಹೋರಾಡುವ ಟಿ ಕೋಶಗಳು ಬೆಳೆಯುವುದನ್ನೇ ಇಲಿಯ ಮೈಯೊಳಗೆ ಥಿಯೋಫಿಲಿನ್‌ನಿಂದ ಹತೋಟಿಗೆ ತಂದು ತೋರಿಸಿತು. ಅಂದರೆ ಮಗಳು ಹೇಳಿದ ಮಾತಿಗೆ ಹತ್ತು ವರ್ಷಕ್ಕೂ ಹಿಂದಿನ ಸಾಕ್ಷಿ ಇದೆ.

ಮತ್ತೆ ಆಸ್ಪತ್ರೆಗೆ ಯಾಕೆ ಬರಲಿಲ್ಲ? ಈಗ ಪೆನ್ನು ಹಿಡಿಯಿರಿ.

ಥಿಯೋಫಿಲಿನ್‌ನ ಅಣುತೂಕ 180. ಉಬ್ಬಸಕ್ಕೆ ಕೊಡುವಾಗ ರಕ್ತದಲ್ಲಿ ಲೀಟರಿಗೆ 10ರಿಂದ 20 ಮಿಲಿಗ್ರಾಂ ಇರಬೇಕು ಅನ್ನುವುದು ವೈದ್ಯರ ಹಳೆಯ ಲೆಕ್ಕ. 20 ದಾಟಿದರೆ ವಾಂತಿ, ಎದೆಬಡಿತ ಏರುಪೇರು. ಇನ್ನೂ ಮೇಲೆ ಹೋದರೆ ಫಿಟ್ಸ್. ಲೀಟರಿಗೆ ಅಣುತೂಕದಷ್ಟು ಗ್ರಾಂ ಇದ್ದರೆ ಒಂದು ಮೋಲಾರ್. 20ನ್ನು 180ರಿಂದ ಭಾಗಿಸಿದರೆ 0.11 ಮಿಲಿಮೋಲಾರ್, ಅಂದರೆ ಸುಮಾರು 110 ಮೈಕ್ರೋಮೋಲಾರ್. ಇದು ನಮ್ಮ ಮೇಲಿನ ಗಡಿ.

ಆಪ್ಟಾಮರ್ ಅರ್ಧ ತುಂಬಲು ಬೇಕಾದ ಪ್ರಮಾಣ ಸುಮಾರು 0.3 ಮೈಕ್ರೋಮೋಲಾರ್. 110ರ ಮುಂದೆ 0.3 ಅಂದರೆ ಏನೂ ಅಲ್ಲ, ಆರಾಮಾಗಿ ಆಗಬೇಕಲ್ಲ ಅನ್ನಿಸುತ್ತದೆ. ಎಲ್ಲರೂ ಎಡವುವುದು ಇಲ್ಲೇ. ಆ 0.3 ಅನ್ನುವುದು ಬರೀ ಆಪ್ಟಾಮರಿನ ಲೆಕ್ಕ. ಸ್ವಿಚ್ಚಿನಲ್ಲಿ ಚಿಲಕ ಬೇರೆ ಇದೆ. ಔಷಧ ಬಂದು ಕೂರಬೇಕಾದರೆ ಮೊದಲು ಚಿಲಕ ಕಳಚಬೇಕು. ಔಷಧ ಕೂರುವುದರಿಂದ ಸಿಗುವ ಶಕ್ತಿಯಲ್ಲಿ ದೊಡ್ಡ ಪಾಲು ಚಿಲಕ ತೆಗೆಯುವುದಕ್ಕೇ ಖರ್ಚಾಗುತ್ತದೆ.

ಔಷಧ ಇಲ್ಲದಾಗ ಸಾವಿರ ಎಂಆರ್‌ಎನ್‌ಎಗಳಲ್ಲಿ ಒಂದು ಮಾತ್ರ ತೆರೆದಿರಲಿ ಅಂತ ಬಿಗಿಯಾದ ಚಿಲಕ ಹಾಕಿದಿರಿ ಅನ್ನಿ. ಆಗ ಅರ್ಧದಷ್ಟು ಸ್ವಿಚ್ ಆನ್ ಆಗಲು ಬೇಕಾದ ಔಷಧವೂ ಸಾವಿರ ಪಟ್ಟು. 0.3 ಗುಣಿಸು 1,000, ಅಂದರೆ 300 ಮೈಕ್ರೋಮೋಲಾರ್. 180ರಿಂದ ಗುಣಿಸಿದರೆ ಲೀಟರಿಗೆ 54 ಮಿಲಿಗ್ರಾಂ. ನಿಮ್ಮ ಗಡಿ 20. ಚಿಲಕ ಸಡಿಲ ಮಾಡಿ ನೂರಕ್ಕೆ ಒಂದು ತೆರೆದಿರಲಿ ಅಂದರೆ 5.4 ಮಿಲಿಗ್ರಾಂ ಸಾಕು, ಗಡಿಯೊಳಗೆ ಬಂತು. ಆದರೆ ಈಗ ವಾಲ್ವ್ ಸದಾ ತೊಟ್ಟಿಕ್ಕುತ್ತಿರುತ್ತದೆ. ಈ ಲೆಕ್ಕವೂ ಕಾಗದದ ಮೇಲಿನದು. ಕೋಶದೊಳಗೆ ಔಷಧ ಪೂರ್ತಿ ಹೋಗುವುದಿಲ್ಲ. ಆಪ್ಟಾಮರ್ ಹುಡುಕುವಾಗ ಕೊಳವೆಯಲ್ಲಿ ಧಾರಾಳವಾಗಿ ಹಾಕಿದ್ದ ಮೆಗ್ನೀಸಿಯಂ ಕೋಶದಲ್ಲಿ ಅಷ್ಟು ಇರುವುದಿಲ್ಲ, ಅದು ಕಡಿಮೆಯಾದರೆ ಮಡಿಕೆ ಸಡಿಲ. ಹೀಗಾಗಿ ಥಿಯೋಫಿಲಿನ್ ಸ್ವಿಚ್ಚುಗಳನ್ನು ತಟ್ಟೆಯಲ್ಲಿ ಪರೀಕ್ಷಿಸುವಾಗ ಸಾಮಾನ್ಯವಾಗಿ ಅರ್ಧ ಮಿಲಿಮೋಲಾರಿನಿಂದ ಹಿಡಿದು ಕೆಲವು ಮಿಲಿಮೋಲಾರ್ ತನಕ ಸುರಿಯುತ್ತಾರೆ. ಒಂದು ಮಿಲಿಮೋಲಾರ್ ಅಂದರೆ ಲೀಟರಿಗೆ 180 ಮಿಲಿಗ್ರಾಂ. ಗಡಿಯ ಒಂಬತ್ತು ಪಟ್ಟು. ತಟ್ಟೆಯ ಕೋಶಕ್ಕೆ ಫಿಟ್ಸ್ ಬರುವುದಿಲ್ಲ, ನಮಗೆ ಬರುತ್ತದೆ.

ಈ ಚಿಲಕದ ಪಾಠ ನನಗೆ ಪುಸ್ತಕದಿಂದ ಬಂದದ್ದಲ್ಲ. ಸಂಶೋಧನೆಯ ಮೊದಲ ವರ್ಷ ಒಂದು ಸ್ವಿಚ್ ಮಾಡಿದ್ದೆ. ಆನ್ ಆದರೆ ಕೋಶ ಹಸಿರಾಗಿ ಹೊಳೆಯಬೇಕು. ಔಷಧ ಹಾಕಿದರೂ ಹಸಿರು, ಹಾಕದಿದ್ದರೂ ಹಸಿರು. ಚಿಲಕ ಸಡಿಲ ಅಂತ ಎರಡು ಜಿ-ಸಿ ಜೋಡಿ ಸೇರಿಸಿದೆ. ಮೂರು ವಾರ ಬಿಟ್ಟು ನೋಡಿದರೆ ಔಷಧ ಹಾಕಿದರೂ ಕತ್ತಲು, ಹಾಕದಿದ್ದರೂ ಕತ್ತಲು. ಎರಡು ಜೋಡಿ ಸೇರಿಸಿದರೆ ಬಿಗಿ ಎರಡು ಪಟ್ಟು ಆಗುವುದಿಲ್ಲ, ಸಾವಿರ ಪಟ್ಟಿಗೂ ಮೀರುತ್ತದೆ. ಮೇಷ್ಟ್ರೇ, ಇದು ಕೂಡುವ ಲೆಕ್ಕವಲ್ಲ, ಘಾತದ ಲೆಕ್ಕ. ಒಂದು ಜಿ-ಸಿ ತೆಗೆದು, ಸಡಿಲವಾಗಿ ಕೂಡುವ ಜಿ-ಯು ಹಾಕಿದ ಮೇಲೆ ಸ್ವಲ್ಪ ದಾರಿಗೆ ಬಂತು.

ಇನ್ನೊಂದು ತೊಂದರೆ. ಕಾಗದದ ಪಟ್ಟಿಯಲ್ಲಿ ನೋಡಿದ ಆ ಚಿಲಕ ಬ್ಯಾಕ್ಟೀರಿಯಾಕ್ಕೆ ಸರಿ. ನಮ್ಮ ಕೋಶಗಳಲ್ಲಿ ರೈಬೋಸೋಮ್ ಎ-ಜಿ-ಜಿ-ಎ-ಜಿ-ಜಿ ಹುಡುಕುವುದಿಲ್ಲ. ಎಂಆರ್‌ಎನ್‌ಎಯ ತಲೆಯ ಟೋಪಿ ಹಿಡಿದು ಕೆಳಗೆ ಜಾರುತ್ತ ಬರುತ್ತದೆ, ದಾರಿಯಲ್ಲಿ ಸಿಕ್ಕ ಸಣ್ಣಪುಟ್ಟ ಕುಣಿಕೆಗಳನ್ನು ಬಿಡಿಸಿಕೊಂಡೇ ಬರುತ್ತದೆ. ಹಾಗಾಗಿ ಬೇರೆ ಉಪಾಯ ಬೇಕಾಯಿತು. ತನ್ನನ್ನು ತಾನೇ ಕತ್ತರಿಸಿಕೊಳ್ಳುವ ಆರ್‌ಎನ್‌ಎ ತುಂಡುಗಳಿವೆ, ರೈಬೋಝೈಮ್ ಅಂತ. ಅದನ್ನು ಎಂಆರ್‌ಎನ್‌ಎಯೊಳಗೆ ಸೇರಿಸಿಬಿಟ್ಟರೆ ನಕಲು ಹುಟ್ಟಿದ ಕೂಡಲೇ ತುಂಡಾಗಿ ಹಾಳಾಗುತ್ತದೆ. ಔಷಧ ಬಂದು ಆ ಕತ್ತರಿಯನ್ನು ತಡೆದರೆ ಮಾತ್ರ ಉಳಿಯುತ್ತದೆ. 2004ರಲ್ಲಿ ಲೈಸಿಂಗ್ ಯೆನ್ ಮತ್ತು ಸಂಗಡಿಗರು ಇಲಿಯಲ್ಲಿ ಇದನ್ನು ಮಾಡಿದರು. ಕತ್ತರಿ ತಡೆಯಲು ಬಳಸಿದ್ದು ಟೊಯೊಕಮೈಸಿನ್ ಅನ್ನುವ ವಿಷದಂಥ ವಸ್ತು. ಸ್ವಿಚ್ ಚೆನ್ನಾಗಿತ್ತು, ಬೆರಳು ಕೆಟ್ಟದಿತ್ತು. 2020ರಲ್ಲಿ ಗುವೋತ್ಸಾಯ್ ಝೋಂಗ್, ಮೈಕಲ್ ಫರ್ಝಾನ್ ಮತ್ತು ಸಂಗಡಿಗರು ಕತ್ತರಿಯ ಮೇಲೆಯೇ ಅಂಟುವ ಮಾರ್ಫೊಲಿನೋ ಅನ್ನುವ ಕೃತಕ ತುಂಡಿನಿಂದ ಇಲಿಯಲ್ಲಿ ರಕ್ತ ಹೆಚ್ಚಿಸುವ ಎರಿತ್ರೊಪೊಯೆಟಿನ್ ಅನ್ನು ತಿಂಗಳುಗಟ್ಟಲೆ ಹತೋಟಿಯಲ್ಲಿಟ್ಟರು. ಕೆಲಸ ಅಚ್ಚುಕಟ್ಟು. ಆದರೆ ಅದು ಮಾತ್ರೆಯಲ್ಲ, ಇಂಜೆಕ್ಷನ್.

ಮಾತ್ರೆಯಿಂದಲೇ ಆಗಬೇಕು ಅಂದವರು ಇನ್ನೊಂದು ಕಡೆಯಿಂದ ಬಂದರು. ನಮ್ಮ ಕೋಶದಲ್ಲಿ ಎಂಆರ್‌ಎನ್‌ಎ ತಯಾರಾಗುವಾಗ ಬೇಡದ ತುಂಡುಗಳನ್ನು ಕತ್ತರಿಸಿ ಉಳಿದವನ್ನು ಜೋಡಿಸುತ್ತಾರಲ್ಲ, ಸ್ಪ್ಲೈಸಿಂಗ್, ಅದನ್ನು ಬದಲಿಸುವ ಮಾತ್ರೆಗಳು ಈಗ ಇವೆ. ಎಸ್‌ಎಂಎ ಅನ್ನುವ, ಸ್ನಾಯು ಸೊರಗುವ ಮಕ್ಕಳ ಕಾಯಿಲೆಗೆ 2020ರಲ್ಲಿ ಅಮೆರಿಕದಲ್ಲಿ ಮಂಜೂರಾದ ರಿಸ್ಡಿಪ್ಲಾಮ್ ಇಂಥದ್ದು. ಅದೇ ಜಾತಿಯ ಬ್ರಾನಪ್ಲಾಮ್ ಇಟ್ಟುಕೊಂಡು ಫಿಲಡೆಲ್ಫಿಯಾದ ಬೆವರ್ಲಿ ಡೇವಿಡ್‌ಸನ್ ಅವರ ತಂಡ 2021ರಲ್ಲಿ ಒಂದು ಸ್ವಿಚ್ ಮಾಡಿತು. ಪ್ರೋಟೀನ್ ಶುರುವಾಗಬೇಕಾದ ‘ಇಲ್ಲಿಂದ ಓದು’ ಅನ್ನುವ ಗುರುತನ್ನು ಅವರು ಒಂದು ಸಣ್ಣ ತುಂಡಿನಲ್ಲಿ ಇಟ್ಟರು. ಮಾಮೂಲಾಗಿ ಕೋಶ ಆ ತುಂಡನ್ನು ಎಸೆದುಬಿಡುತ್ತದೆ. ಮಾತ್ರೆ ಇದ್ದರೆ ಉಳಿಸಿಕೊಳ್ಳುತ್ತದೆ. ಎಷ್ಟು ಸರಳ, ಎಷ್ಟು ಚೆಂದ! ಮರುವರ್ಷವೇ ಹಂಟಿಂಗ್ಟನ್ ಅನ್ನುವ ಮಿದುಳಿನ ಕಾಯಿಲೆಗೆ ಅಂತ ನಡೆಯುತ್ತಿದ್ದ ಬ್ರಾನಪ್ಲಾಮ್‌ನ ಮನುಷ್ಯರ ಮೇಲಿನ ಪ್ರಯೋಗದಲ್ಲಿ ಕೈಕಾಲಿನ ನರಗಳಿಗೆ ತೊಂದರೆ ಕಂಡು ನಿಲ್ಲಿಸಬೇಕಾಯಿತು. ಸ್ವಿಚ್ಚಿನ ತಪ್ಪು ಏನೂ ಇರಲಿಲ್ಲ. ಮತ್ತೆ ಬೆರಳು.

ನನ್ನನ್ನು ಕೇಳಿದರೆ ಈಗ ಹೆಚ್ಚು ಭರವಸೆ ಕಾಣುವುದು ಟೆಟ್ರಾಸೈಕ್ಲಿನ್ ದಾರಿಯಲ್ಲಿ. ನಿಮ್ಮ ಲೆಕ್ಕವನ್ನೇ ಮತ್ತೆ ಹಾಕಿ. ಟೆಟ್ರಾಸೈಕ್ಲಿನ್ ಹಿಡಿಯುವ ಆಪ್ಟಾಮರಿಗೆ ಬೇಕಾದದ್ದು ಸುಮಾರು 0.8 ನ್ಯಾನೋಮೋಲಾರ್. ಸಾವಿರ ಪಟ್ಟು ಬಿಗಿಯ ಚಿಲಕ ಹಾಕಿದರೂ 0.8 ಮೈಕ್ರೋಮೋಲಾರ್. ಅಣುತೂಕ 444. ಲೀಟರಿಗೆ 0.36 ಮಿಲಿಗ್ರಾಂ. ಮಾಮೂಲಿ ಕೋರ್ಸಿನಲ್ಲಿ ರಕ್ತದಲ್ಲಿ ಇರುವುದು ಲೀಟರಿಗೆ ಕೆಲವು ಮಿಲಿಗ್ರಾಂ. ಗಡಿಯೊಳಗೆ ಆರಾಮಾಗಿ ಬಂತು! ಅದೇ ಲೈಸಿಂಗ್ ಯೆನ್, ಈಗ ಹ್ಯೂಸ್ಟನ್ನಿನ ಬೇಲರ್ ವೈದ್ಯಕೀಯ ಕಾಲೇಜಿನಲ್ಲಿ, 20 ವರ್ಷ ಬಿಟ್ಟು 2024ರಲ್ಲಿ ಪ್ರಕಟಿಸಿದ ಸ್ವಿಚ್ಚಿನಲ್ಲಿ ಇದೇ ಔಷಧ ಇದೆ. ಎಂಆರ್‌ಎನ್‌ಎ ಮುಗಿಯುವಲ್ಲಿ ಇರಬೇಕಾದ ‘ಇಲ್ಲಿ ಕತ್ತರಿಸು’ ಗುರುತನ್ನು ಶುರುವಿನಲ್ಲೇ ಇಟ್ಟರು. ಓದುವ ಮೊದಲೇ ಕತ್ತರಿ ಬೀಳುತ್ತದೆ. ಟೆಟ್ರಾಸೈಕ್ಲಿನ್ ಬಂದು ಕೂತರೆ ಕತ್ತರಿ ನಿಲ್ಲುತ್ತದೆ. ಕೋಶಗಳಲ್ಲಿ ಲೀಟರಿಗೆ 0.5 ಮಿಲಿಗ್ರಾಂನಷ್ಟಕ್ಕೇ ಅರ್ಧ ಆನ್ ಆಯಿತು. ಇಲಿಯಲ್ಲೂ ಕೆಲಸ ಮಾಡಿತು. ಹಾಗಂತ ಹಬ್ಬ ಮಾಡುವ ಹಾಗಿಲ್ಲ. ಆ್ಯಂಟಿಬಯೋಟಿಕ್ಕನ್ನು ವರ್ಷಗಟ್ಟಲೆ ನುಂಗಿಸಿದರೆ ಹೊಟ್ಟೆಯೊಳಗಿನ ಬ್ಯಾಕ್ಟೀರಿಯಾ ಸುಮ್ನೆ ಇರುತ್ತವೆಯೇ? ಚಿಕ್ಕ ಮಕ್ಕಳಿಗೆ ಕೊಟ್ಟರೆ ಹಲ್ಲು ಹಳದಿಯಾಗುತ್ತದೆ ಅನ್ನುವುದೂ ಇದೆ.

ಇಷ್ಟೆಲ್ಲ ಪಾಡು ಯಾಕೆ, ಸ್ಟಾರ್ಟರಿನ ಹಾಗೆ ನಕಲನ್ನೇ ತಡೆಯುವ ಹಳೆಯ ಪ್ರೋಟೀನ್ ಸ್ವಿಚ್ಚುಗಳಿವೆಯಲ್ಲ ಅಂತ ಮಗಳ ಗೈಡ್ ಕೇಳಬಹುದು. ಇವೆ. ಆದರೆ ಅವು ಬ್ಯಾಕ್ಟೀರಿಯಾದಿಂದ ತಂದ ಪ್ರೋಟೀನಿನವು, ಮೈ ಅದನ್ನು ಹೊರಗಿನವನು ಅಂತ ಗುರುತಿಸಿ ಹೊಡೆಯುತ್ತದೆ. ಮಂಗಗಳಲ್ಲಿ ಇದು ಕಂಡಿದೆ. ಜೊತೆಗೆ ಜೀನ್ ಸಾಗಿಸುವ ಎಎವಿ ಅನ್ನುವ ವೈರಸ್ ಚೀಲದಲ್ಲಿ ಹಿಡಿಯುವುದೇ ಸುಮಾರು 4,700 ಅಕ್ಷರ. ಪ್ರೋಟೀನ್ ಸ್ವಿಚ್ಚಿಗೆ ಅದರಲ್ಲಿ ದೊಡ್ಡ ಪಾಲು ಬೇಕು, ಆರ್‌ಎನ್‌ಎ ಸ್ವಿಚ್ಚಿಗೆ ಕೆಲವು ನೂರು ಸಾಕು.

ಸ್ವಿಚ್ಚೇ ಬೇಡ ಅನ್ನುವ ಹಾಗೂ ಇಲ್ಲ. ಕೆಲವು ಜೀನ್‌ಗಳು ಸಾರಿನ ಉಪ್ಪಿದ್ದ ಹಾಗೆ. ಎಂಇಸಿಪಿ2 ಅನ್ನುವ ಜೀನ್ ಕೆಟ್ಟರೆ ಹೆಣ್ಣುಮಕ್ಕಳಿಗೆ ರೆಟ್ ಸಿಂಡ್ರೋಮ್ ಅನ್ನುವ ಮಿದುಳಿನ ಕಾಯಿಲೆ ಬರುತ್ತದೆ. ಅದೇ ಜೀನ್ ಎರಡು ಪಟ್ಟು ಇದ್ದರೆ ಇನ್ನೊಂದು ಕಾಯಿಲೆ. ಇಂದು ಮಂಜೂರಾಗಿರುವ ಎಎವಿ ಜೀನ್ ಚಿಕಿತ್ಸೆಗಳಲ್ಲಿ ಯಾವುದರಲ್ಲೂ ಆರ್‌ಎನ್‌ಎ ಸ್ವಿಚ್ ಇಲ್ಲ. ಒಮ್ಮೆ ಒಳಗೆ ಹೋದರೆ ಹೋಯಿತು. ಸ್ಟಾರ್ಟರ್ ಕಿತ್ತುಹಾಕಿ ಮೋಟರ್ ನೇರವಾಗಿ ಲೈನಿಗೆ ಕೊಟ್ಟ ಹಾಗೆ.

‘ನಿಲ್ಲಿಸಿದರೆ ಆಫ್’ ಅನ್ನುವ ಮಗಳ ಮಾತಿಗೆ ಒಂದು ಸಣ್ಣ ತಿದ್ದುಪಡಿ. ವಾಲ್ವ್ ಮುಚ್ಚಿದರೂ ಟ್ಯಾಂಕಿನಲ್ಲಿ ತುಂಬಿದ ನೀರು ಎಲ್ಲೂ ಹೋಗುವುದಿಲ್ಲ. ಆಗಲೇ ತಯಾರಾದ ಪ್ರೋಟೀನ್ ತಾನಾಗಿ ಕರಗಬೇಕು. ಎರಿತ್ರೊಪೊಯೆಟಿನ್ ಗಂಟೆಗಳಲ್ಲಿ ಕಡಿಮೆಯಾಗುತ್ತದೆ. ಆ್ಯಂಟಿಬಾಡಿ ಅರ್ಧ ಇಳಿಯಲು ಮೂರು ವಾರ ಹಿಡಿಯುತ್ತದೆ. ಡಾಕ್ಟರು ಇಂದು ಮಾತ್ರೆ ನಿಲ್ಲಿಸಿ ಅಂದರೆ ಪರಿಣಾಮ ಮುಂದಿನ ತಿಂಗಳು ಕಾಣಬಹುದು.

ಇಲ್ಲಿಯವರೆಗೆ ಮೈಯೊಳಗಿನ ಮಾತಾಯಿತು. ಮೈಯ ಹೊರಗೆ ಈ ಸ್ವಿಚ್ಚುಗಳ ಕೆಲಸ ಹೆಚ್ಚು ಸಲೀಸು, ಯಾಕೆಂದರೆ ಅಲ್ಲಿ ಬೆರಳಿನ ರಗಳೆಯೇ ಇಲ್ಲ. 2014ರಲ್ಲಿ ಬಂದ ಟೋಹೋಲ್ಡ್ ಸ್ವಿಚ್ಚಿನಲ್ಲಿ ಚಿಲಕ ತೆಗೆಯುವುದು ಔಷಧವಲ್ಲ, ಇನ್ನೊಂದು ಆರ್‌ಎನ್‌ಎ. ವೈರಸ್ಸಿನ ಆರ್‌ಎನ್‌ಎಯೇ ಚಿಲಕ ತೆಗೆಯುವ ಹಾಗೆ ಬರೆದು, ಎಲ್ಲವನ್ನೂ ಕಾಗದದ ಮೇಲೆ ಒಣಗಿಸಿ ಇಟ್ಟರೆ ಅದು ಪರೀಕ್ಷೆಯ ಪಟ್ಟಿ. 2016ರಲ್ಲಿ ಝಿಕಾಗೆ ಇಂಥದ್ದು ಮಾಡಿದರು. ವೈರಸ್ ಇದ್ದರೆ ಹಳದಿ ಚುಕ್ಕೆ ನೇರಳೆಯಾಗುತ್ತಿತ್ತು, ಡೆಂಗಿಯ ಆರ್‌ಎನ್‌ಎಗೆ ಮೋಸ ಹೋಗುತ್ತಿರಲಿಲ್ಲ. 2022ರ ಡಿಸೆಂಬರಿನಲ್ಲಿ ರಾಯಚೂರು ಜಿಲ್ಲೆಯಲ್ಲಿ ಝಿಕಾ ಕಂಡಾಗ ಖಚಿತವಾದದ್ದು ಪುಣೆಯ ಲ್ಯಾಬಿನ ವರದಿ ಬಂದ ಮೇಲೆ. ಇಂಥ ಕಾಗದ ಎಲ್ಲಿ ಬೇಕು ಅಂತ ಬೇರೆ ಹೇಳಬೇಕಿಲ್ಲ.

ಅದಕ್ಕೇ ಮಗಳ ಪ್ರಾಜೆಕ್ಟು ಒಂದೇ ವರ್ಷದ್ದಾದರೆ ಟೋಹೋಲ್ಡ್ ತೆಗೆದುಕೊಳ್ಳಲಿ ಅಂತ ನನ್ನ ಸಲಹೆ. ಥಿಯೋಫಿಲಿನ್ ಹಿಡಿದು ಕೂತರೆ ಬರೀ ಚಿಲಕ ಸರಿಮಾಡುವುದರಲ್ಲೇ ವರ್ಷ ಕಳೆಯುತ್ತದೆ. ಲ್ಯಾಬಿಗೆ ಕಾಲಿಡುವ ಮೊದಲು ವಿಯೆನ್ನಾ ವಿಶ್ವವಿದ್ಯಾಲಯದ ಆರ್‌ಎನ್‌ಎಫೋಲ್ಡ್ ತಾಣದಲ್ಲಿ ತನ್ನ ಅಕ್ಷರಗಳನ್ನು ಹಾಕಿ ನೋಡಲಿ. ಪುಕ್ಕಟೆ. ಯಾವ ಕುಣಿಕೆ ಬೀಳುತ್ತದೆ, ಅದರ ಬಿಗಿ ಎಷ್ಟು ಅಂತ ಚಿತ್ರ ಬರೆದು ಅಂಕಿ ಸಮೇತ ತೋರಿಸುತ್ತದೆ. ಆ ಬಿಗಿಯ ಅಂಕಿಯಲ್ಲಿ 1.4ರಷ್ಟು ವ್ಯತ್ಯಾಸವಾದರೆ ಸ್ವಿಚ್ಚಿನ ಲೆಕ್ಕ ಹತ್ತು ಪಟ್ಟು ಬದಲಾಯಿತು ಅಂತ ತಿಳಿಯಿರಿ. ಚಿಲಕದ ಕಾಲಿನಲ್ಲಿ ಒಂದೇ ಒಂದು ಸಿ ಅಳಿಸಿ ಯು ಹಾಕಿ ನೋಡಿ, ಎಷ್ಟು ಪಟ್ಟು ಸಡಿಲವಾಯಿತು ಅಂತ ಇಬ್ಬರೂ ಕೂತು ಲೆಕ್ಕ ಮಾಡಿ.